ಮೂವತ್ತನಾಲ್ಕಕ್ಕೆ ಒಂದು ಸೇರಿಸಿದವರು

ಮೇಡಂ ತೀರಿಕೊಂಡ ಸುದ್ದಿಯನ್ನು ನನಗೆ ಮೊದಲು ಹೇಳಿದವಳು ನಂಜನಗೂಡಿನ ಬಸ್ ನಿಲ್ದಾಣದಲ್ಲಿ ಬಾಳೆಹಣ್ಣು ಮಾರುವ ಹೆಂಗಸು. "ನಿಮ್ ಜೊತೆ ಓಡಾಡ್ತಿದ್ರಲ್ಲ, ಬೆಳ್ಳಗಿದ್ದೋರು, ಓಗ್ಬುಟ್ರಂತೆ ಕಣವ್ವ" ಎಂದಳು. ಬೆಳ್ಳಗಿದ್ದೋರು ಎಂದದ್ದಕ್ಕೆ ಒಂದು ಗಳಿಗೆ ಯಾರೆಂದೇ ನನಗೆ ಹೊಳೆಯಲಿಲ್ಲ. ನಾನು ಮೊದಲು ಕಂಡಾಗ ಮೇಡಂ ಬೆಳ್ಳಗಿರಲಿಲ್ಲ. ಎಣ್ಣೆಗೆಂಪು ಮೈಬಣ್ಣ, ತುಂಬಿದ ಕೆನ್ನೆ. ನಕ್ಕರೆ ಕಿವಿಯ ತುದಿ ಕೂಡ ಕೆಂಪಾಗುತ್ತಿತ್ತು. ಕೊನೆಯ ವರ್ಷಗಳಲ್ಲಿ ಆ ಕೆಂಪೆಲ್ಲ ಇಳಿದು, ಒಗೆದು ಒಗೆದು ಬಣ್ಣ ಹೋದ ರವಿಕೆಯ ಹಾಗಾಗಿದ್ದರು. ಅದು ಎಲ್ಲಿಗೆ ಇಳಿದು ಹೋಯಿತೆಂದು ಬಲ್ಲವರು ಈಗ ಇಬ್ಬರೇ. ಒಬ್ಬಳು ಹೆಮ್ಮಿಗೆಯ ಮಾದೇವಿ, ಇನ್ನೊಬ್ಬಳು ನಾನು.

ತಿ. ನರಸೀಪುರದ ಹೆಣ್ಣುಮಕ್ಕಳ ಹೈಸ್ಕೂಲೊಂದರಲ್ಲಿ ಅವರು ವಿಜ್ಞಾನದ ಟೀಚರು, ನಾನು ಹೊಲಿಗೆ ಟೀಚರು. ಇಬ್ಬರ ಮನೆಯೂ ನಂಜನಗೂಡಿನಲ್ಲಿ. ತೊಂಬತ್ತರ ದಶಕದ ಮೊದಲಿಂದ ಅವರು ನಿವೃತ್ತರಾಗುವವರೆಗೂ ಬೆಳಿಗ್ಗೆ ಸುತ್ತೂರಿನ ಮೇಲೆ ಹೋಗುವ ಬಸ್ಸು ಹತ್ತಿ, ಸಂಜೆ ಅದೇ ದಾರಿಯಲ್ಲಿ ಮರಳುತ್ತಿದ್ದೆವು. ಹೊಳೆ ಕಾಣುವ ಕಡೆಯ ಕಿಟಕಿಯೇ ಅವರಿಗೆ ಬೇಕು. "ಇಂದೆ ಖಾಲಿ ಅದೆ, ಓಗಿ ಮೇಡಂ" ಎಂದು ಕಂಡಕ್ಟರು ಅವಸರ ಮಾಡಿದರೆ, "ನನಗೆ ಹೊಳೆ ಕಾಣಬೇಕಪ್ಪ, ಹಿಂದಿನ ಸೀಟಲ್ಲಿ ಕೂತ್ರೆ ನಿನ್ನ ಬೆನ್ನು ಕಾಣುತ್ತೆ" ಎನ್ನುತ್ತಿದ್ದರು. ಗಂಜಿ ಹಾಕಿದ ಕಾಟನ್ ಸೀರೆ, ಹಣೆಗೆ ಕೂದಲೆಳೆಯಷ್ಟು ವಿಭೂತಿ, ಟಿಕೆಟ್ಟನ್ನು ಮಡಿಸಿ ಬಳೆಯ ಸಂದಿಗೆ ಸಿಕ್ಕಿಸುವುದು. ಮದುವೆಯಾಗಿರಲಿಲ್ಲ. ಯಾಕೆಂದು ಕೇಳಿದವರಿಗೆ "ಓದೋದಿತ್ತು ಕಣ್ರೀ" ಎಂದಷ್ಟೇ ಉತ್ತರ. ಏನು ಓದೋದಿತ್ತು ಎಂದು ಯಾರೂ ಮುಂದಕ್ಕೆ ಕೇಳುತ್ತಿರಲಿಲ್ಲ.

ಮಾರ್ಕು ಹಾಕುವುದರಲ್ಲಿ ಅವರಷ್ಟು ಗಟ್ಟಿ ಕೈ ನಮ್ಮ ಕಡೆ ಯಾರದೂ ಇರಲಿಲ್ಲ. ಮೂವತ್ತನಾಲ್ಕು ಬಂದರೆ ಮೂವತ್ತನಾಲ್ಕೇ. ಹೆಡ್ಮಾಸ್ಟರು ಎದುರಿಗೆ ಕುರ್ಚಿ ಎಳೆದುಕೊಂಡು ಕೂತು, "ಒಂದು ಮಾರ್ಕಿಗೆ ಒಂದು ವರ್ಷ ಹೋಗುತ್ತಲ್ಲ ಮೇಡಂ, ಗ್ರೇಸ್ ಅಂತ ಸರ್ಕಾರವೇ ಕೊಡುತ್ತೆ" ಎಂದು ಗೋಗರೆದರೂ, ಅವರು ಕೆಂಪು ಪೆನ್ನಿನ ಮುಚ್ಚಳ ತಿರುಗಿಸಿ, "ಸರ್ಕಾರದ ಕೈ ದೊಡ್ಡದು ಸಾರ್, ಕೊಡ್ಲಿ. ನನ್ನ ಕೈ ಚಿಕ್ಕದು" ಎನ್ನುತ್ತಿದ್ದರು. ಒಮ್ಮೆ ಹೆಮ್ಮರಗಾಲದಿಂದ ಒಬ್ಬ ಹುಡುಗಿಯ ತಂದೆ ಒಂದು ಗೊನೆ ರಸಬಾಳೆ ಹೊತ್ತುಕೊಂಡೇ ಸ್ಟಾಫ್ ರೂಮಿಗೆ ಬಂದ.

"ಒಂದೇ ಒಂದ್ ಮಾರ್ಕು ಕಣವ್ವ. ಆಕ್ಬುಟ್ರೆ ನಿಮ್ ಗಂಟೇನೋಗ್ತದೆ?"

"ಅಣ್ಣಾ, ನಿಮ್ಮ ಹೊಲದ ಬದು ಪಕ್ಕದೋನು ಒಂದೇ ಒಂದು ಗೇಣು ಒಳಕ್ಕೆ ತಂದ್ರೆ ಸುಮ್ನಿರ್ತೀರಾ?"

"ಅದೆಂಗವ್ವ ಸುಮ್ಕಿರಾಕಾದದು?"

"ನೋಡಿ, ಅವನಿಗೆ ಒಂದು ಗೇಣು ಹೆಚ್ಚಾಯ್ತು ಅಂದ್ರೆ ಇನ್ಯಾರಿಗೋ ಒಂದು ಗೇಣು ಕಮ್ಮಿ ಆಯ್ತು ಅಂತ. ಇಲ್ಲದ ಮಾರ್ಕು ಎಲ್ಲಿಂದಾದ್ರೂ ಬರಬೇಕಲ್ಲ?"

ಆತ ಗೊನೆ ಇಳಿಸಿ, ನನ್ನ ಕಡೆ ನೋಡಿ, "ಈಯಮ್ಮನ ತಾವ ಮಾತಾಡೋದ್ಕಿಂತ ಪೊಲೀಸ್ನೋರ ತಾವ ಮಾತಾಡ್ಬೋದು" ಎಂದು ಹೊರಟುಹೋದ. ಹಣ್ಣನ್ನು ಮೇಡಂ ಮಕ್ಕಳಿಗೆ ಹಂಚಿಸಿದರು. ತಾವೊಂದೂ ಮುಟ್ಟಲಿಲ್ಲ. ಅವರ ಹಟವನ್ನು ನಾವೆಲ್ಲ ಜಿಪುಣತನ ಎಂದೇ ತಿಳಿದಿದ್ದೆವು.

ಅದು ಜಿಪುಣತನವಲ್ಲ, ಭಯ ಎಂದು ನನಗೆ ಗೊತ್ತಾಗುವುದಕ್ಕೆ ಶುರುವಾದದ್ದು ಒಂದು ಮಧ್ಯಾಹ್ನ. ಹತ್ತನೇ ಕ್ಲಾಸಿನ ಹುಡುಗಿಯೊಬ್ಬಳು ಕಿಟಕಿ ಮುಚ್ಚಲು ಹೋಗಿ ಗಾಜಿಗೆ ಕೈ ಕೊಟ್ಟಳು. ಮುಂಗೈ ಬಾಯಿಬಿಟ್ಟಿತ್ತು. ಹುಡುಗಿಯರು ಕಿರುಚುತ್ತಿದ್ದರು, ಡ್ರಿಲ್ ಮಾಸ್ಟರು ಆಟೋ ತರಲು ಓಡಿದರು. ನಾನು ಹೊಲಿಗೆಗೆ ಇಟ್ಟಿದ್ದ ಬಿಳಿ ಬಟ್ಟೆಯನ್ನೆಲ್ಲ ಸುತ್ತಿದೆ, ಸುತ್ತಿದ್ದೆಲ್ಲ ನೆನೆಯಿತು. ಮೇಡಂ ಸೀಮೆಸುಣ್ಣ ಹಿಡಿದುಕೊಂಡೇ ಬಂದರು. ಹುಡುಗಿಯ ತೋಳನ್ನು ಒತ್ತಲೂ ಇಲ್ಲ, ಬರೀ ಹಿಡಿದು, ಸಣ್ಣ ದನಿಯಲ್ಲಿ ಏನನ್ನೋ ಹೇಳಿದರು. ನಾನು ಕಿವಿಗೊಟ್ಟೆ. ಮಂತ್ರದ ಹಾಗಿರಲಿಲ್ಲ. ಯಾರೋ ಕೇಳಿದ ಪ್ರಶ್ನೆಗೆ ಒಳ್ಳೆಯ ವಿದ್ಯಾರ್ಥಿ ಉತ್ತರ ಒಪ್ಪಿಸುವ ಹಾಗಿತ್ತು. ಎಲ್ಲಿಂದ ಹೊರಟೆ, ಯಾವ ದಾರಿಯಲ್ಲಿ ಇಳಿದೆ, ಯಾಕೆ ನಿಲ್ಲಬೇಕು ಎಂದು ರಕ್ತದ ಪರವಾಗಿ ಅವರೇ ಹೇಳುತ್ತಿದ್ದರು. ರಕ್ತ ನಿಂತಿತು. ಸೋರುವುದು ಕಮ್ಮಿಯಾಗಿ ನಿಂತದ್ದಲ್ಲ, ಕರೆದರೆ ನಿಲ್ಲುವ ಹಾಗೆ ನಿಂತಿತು. ಗಾಯದ ಅಂಚು ಒಣಗಿದ ತುಟಿಯಂತೆ ಬೆಳ್ಳಗಿತ್ತು.

ಆಸ್ಪತ್ರೆಯಲ್ಲಿ ಡಾಕ್ಟರು "ಏನು ಹಾಕಿದ್ರಿ ಇದಕ್ಕೆ?" ಎಂದರು. "ಏನೂ ಇಲ್ಲ, ನೀವು ಹೊಲಿಗೆ ಹಾಕಿ" ಎಂದು ಮೇಡಂ ಬಾಗಿಲಲ್ಲೇ ನಿಂತರು. ಹೊಲಿಗೆ ಮುಗಿದ ಮೇಲೆ ಒಳಗೆ ಬಂದು, ಹುಡುಗಿಯ ಬಾಯಿಂದ "ಬಿಡಿ" ಎನ್ನಿಸಿ, ಅವಳ ತೋಳು ಹಿಡಿದು ಮತ್ತೇನೋ ಹೇಳಿದರು. ಬೆಳ್ಳಗೆ ತಣ್ಣಗಿದ್ದ ಬೆರಳುಗಳಿಗೆ ಒಂದೊಂದಾಗಿ ಬಣ್ಣ ಬಂತು.

ಸಂಜೆ ಬಸ್ಸಿನಲ್ಲಿ ನಾನು ಕೇಳಿದೆ. ಅವರು ಹೊಳೆ ನೋಡುತ್ತಲೇ ಹೇಳಿದರು. "ಕಟ್ಟಿದೆ. ಆಮೇಲೆ ಬಿಚ್ಚಿದೆ. ಕಟ್ಟೋದು ಸುಲಭ ಕಣ್ರೀ. ಬಿಚ್ಚದೆ ಬಂದಿದ್ರೆ ನಾಳೆ ಹೊತ್ತಿಗೆ ಆ ಕೈ ಕಪ್ಪಗಾಗ್ತಿತ್ತು."

ಹೀಗೆ, ಒಂದು ದಿನಕ್ಕೆ ಒಂದು ತುತ್ತಿನಂತೆ, ಅವರು ತಮ್ಮ ಓದಿನ ವಿಷಯ ಬಿಟ್ಟುಕೊಟ್ಟರು. ಅದಕ್ಕೆ ಕಟ್ಟಿನ ಓದು ಎಂದು ಹೆಸರು. ಅವರಿಗೆ ಕಲಿಸಿದವರು ಅವರ ಸೋದರತ್ತೆ. ಅದರಲ್ಲಿ ನಿಂಬೆಹಣ್ಣು, ತಾಯಿತ, ಅಮಾವಾಸ್ಯೆ ಯಾವುದೂ ಇಲ್ಲ. ನಾಲ್ಕು ಪಾಠ: ನೀರು, ರಕ್ತ, ವಿಷ, ಉಸಿರು. ಯಾವುದನ್ನು ಬುಡದಿಂದ ತುದಿಯವರೆಗೆ ತಿಳಿದಿದ್ದೀಯೋ ಅದು ನಿನ್ನ ಮಾತು ಕೇಳುತ್ತದೆ, ಅಷ್ಟೇ. "ಮಂತ್ರ ಅನ್ನೋದು ಉತ್ತರ. ಪ್ರಶ್ನೆ ಗೊತ್ತಿಲ್ಲದೆ ಉತ್ತರ ಉರು ಹೊಡೆದ್ರೆ ಗಿಣಿಗೂ ನಮಗೂ ಏನು ವ್ಯತ್ಯಾಸ?" ಎನ್ನುತ್ತಿದ್ದರು. ಅರ್ಧ ಓದಿದವರ ಮಾತು ಬಂದರೆ ಮಾತ್ರ ದನಿ ತಗ್ಗಿಸುತ್ತಿದ್ದರು. "ಪೂರ್ತಿ ಕಲಿತಿದ್ದು ನಾವು ಹೇಳ್ದಂಗೆ ಕೇಳುತ್ತೆ. ಅರ್ಧ ಕಲಿತಿದ್ದು ಇದೆಯಲ್ಲ, ಅದು ಹೇಳ್ದಂಗೆ ನಾವು ಕೇಳಬೇಕು." ಉಸಿರಿನ ಪಾಠವನ್ನು ಅವರು ಓದಿ ಮುಗಿಸಿದ್ದರೂ ಪರೀಕ್ಷೆಗೆ ಕೂತಿರಲಿಲ್ಲ. ಯಾಕೆ ಎಂದೆ. "ಪಾಸಾಗ್ಬಿಟ್ರೆ ಅಂತ ಭಯ" ಎಂದರು. ನಾನು ನಗೆಚಾಟಿಕೆ ಎಂದುಕೊಂಡು ನಕ್ಕೆ. ಅವರು ನಗಲಿಲ್ಲ.

ಪರೀಕ್ಷೆ ಹೊಳೆಯಲ್ಲಿ. ಹೊಸ ನೀರು ಬಂದು, ಇಳಿದು, ತಿಳಿಯಾದ ಮೇಲೆ ವರ್ಷಕ್ಕೊಮ್ಮೆ. ಓದಿದವಳು ಸೊಂಟದ ತನಕ ನೀರಿನಲ್ಲಿ ನಿಲ್ಲಬೇಕು, ಎದುರಿಗೆ ಒಂದು ಹೊಂಗೆ ಎಲೆ ಬಿಡುತ್ತಾರೆ, ಕೇಳುವವರು ಮೆಟ್ಟಿಲ ಮೇಲೆ ಕೂತು ಪ್ರಶ್ನೆ ಕೇಳುತ್ತಾರೆ. ಉತ್ತರ ಸರಿಯಿದ್ದರೆ ಅವಳ ಸುತ್ತ ನೀರು ಬಿಂದಿಗೆಯೊಳಗಿನ ನೀರಿನಂತೆ ನಿಲ್ಲುತ್ತದೆ, ಎಲೆ ಅಲುಗುವುದಿಲ್ಲ. ಬಾಯಿಪಾಠದ ಉತ್ತರವಾದರೆ, ಪದ ಒಂದೂ ತಪ್ಪದಿದ್ದರೂ ಎಲೆ ಹೊರಟುಬಿಡುತ್ತದೆ. ಹೋದರೆ ಫೇಲು. ಮತ್ತೆ ಹೊಸ ನೀರು ಬಂದು ಹೋಗುವ ತನಕ ಕೂರುವಂತಿಲ್ಲ.

ಕಲಿಯಬೇಕೆಂದು ಬಂದವರು ಬಹಳ ಮಂದಿ, ನಿಂತವರು ಇಲ್ಲ. ನಂಜನಗೂಡಿನ ಮಂಡಿ ಸಾಹುಕಾರರೊಬ್ಬರು ಕಾರಿನಲ್ಲೇ ಶಾಲೆಗೆ ಬಂದಿದ್ದರು. ಮೇಡಂ "ನೀರು ಯಾಕೆ ಹರಿಯುತ್ತೆ?" ಎಂದು ಕೇಳಿದರು. "ಇಳಿಜಾರು ಇರ್ತದಲ್ಲ" ಎಂದರು ಸಾಹುಕಾರರು, ಇದೂ ಒಂದು ಪ್ರಶ್ನೆಯೇ ಎಂಬಂತೆ. "ಸರಿ, ಇದರಲ್ಲಿ ಅನುಮಾನ ಬಂದ ದಿನ ಬನ್ನಿ" ಎಂದು ಮೇಡಂ ಎದ್ದರು. ಸಾಹುಕಾರರಿಗೆ ಅನುಮಾನ ಬರಲೇ ಇಲ್ಲವೆಂದು ಕಾಣುತ್ತದೆ.

ಮಾದೇವಿ ಬಂದದ್ದು ಒಂದು ಶನಿವಾರ, ಶಾಲೆ ಬಿಟ್ಟ ಮೇಲೆ. ಹೆಮ್ಮಿಗೆಯವಳು, ನಮ್ಮಲ್ಲೇ ಓದಿ ವಿಜ್ಞಾನದಲ್ಲಿ ಫೇಲಾಗಿ ಬಿಟ್ಟವಳು. ಫೇಲು ಮಾಡಿದವರು ಮೇಡಂ ಅವರೇ. ತಾಯಿಯಿಲ್ಲ. ತಂದೆ ಕೂಲಿಗೆ ಹೋಗುತ್ತಿದ್ದ, ಇವಳೂ ನಾಟಿ ಕಳೆಗೆ ಹೋಗುತ್ತಿದ್ದಳು. ಮನೆಯಲ್ಲಿ ತಂಗಿ ಗೌರಿ, ಇವಳೇ ಎತ್ತಿ ಬೆಳೆಸಿದ್ದು. ಗೌರಿಗೆ ಹುಟ್ಟಿನಿಂದಲೂ ರಕ್ತ ನಿಲ್ಲದ ಕಾಯಿಲೆ. ಹಲ್ಲು ಬಿದ್ದರೆ, ಮೂಗು ಒಡೆದರೆ ಮೈಸೂರಿನ ದೊಡ್ಡಾಸ್ಪತ್ರೆಗೇ ಓಡಬೇಕು.

"ಡಾಕುಟ್ರು ಏಳವ್ರೆ ಮೇಡಮ್ಮೋರೆ" ಎಂದಳು ಮಾದೇವಿ, ಬಾಗಿಲ ಹೊರಗೇ ನಿಂತು. "ಇವ್ಳು ದೊಡ್ಡೋಳಾದಾಗ ಉಸಾರು, ನಿಲ್ದೆ ಓದ್ರೆ ನಮ್ ಕೈಲಾಗಲ್ಲ ಅಂದ್ರು. ನಮ್ಮವ್ವನೂ ಅಂಗೇ ಓಗಿದ್ದು, ಇವಳ್ನ ಎತ್ತಾಗ. ನಂಗೆ ರಕ್ತ ಕಟ್ಟೋದು ಏಳ್ಕೊಡಿ."

"ನೀನು ನನ್ನ ಹತ್ತಿರ ಫೇಲಾದವಳು ಕಣೇ."

"ಅದ್ಕೇ ನಿಮ್ತಾವ್ಲೇ ಬಂದೆ. ನೀವು ಪಾಸು ಅಂದ್ರೆ ಅದು ಪಾಸೇ."

ಮೇಡಂ ನನ್ನ ಕಡೆ ನೋಡಿದರು. ಆ ಮಾತು ಅವರಿಗೆ ತಟ್ಟಿತೆಂದು ಮುಖವೇ ಹೇಳುತ್ತಿತ್ತು.

ಪಾಠ ನಡೆದದ್ದು ನನ್ನ ಹೊಲಿಗೆ ರೂಮಿನಲ್ಲಿ. ಮೆಷಿನ್ನುಗಳ ನಡುವೆ ಒಂದು ಬೆಂಚು. ನಾನು ಮಕ್ಕಳ ಲಂಗ ರವಿಕೆ ತಿದ್ದುತ್ತಾ ಕೂರುತ್ತಿದ್ದೆ, ಹಾಗಾಗಿ ಎಲ್ಲವೂ ಕಿವಿಗೆ ಬೀಳುತ್ತಿತ್ತು. ಮೊದಲು ನೀರು. ಅಣೆಕಟ್ಟಿನಿಂದ ಸಂಗಮದವರೆಗೆ ಕಪಿಲೆಗೆ ಸೇರುವ ಒಂದೊಂದು ಹಳ್ಳವನ್ನೂ ನೋಡಿಕೊಂಡು ಬಂದು ನಕ್ಷೆ ಬರೆಯಬೇಕು. ಮಾದೇವಿ ಕೂಲಿ ಬಿಟ್ಟ ದಿನಗಳಲ್ಲೆಲ್ಲ ನಡೆದಳು. ಅನುಮಾನ ಬಂದಲ್ಲಿ ಕೇಳಿದಳು, ಗೊತ್ತಾಗದಿದ್ದರೆ "ಗೊತ್ತಾಗ್ನಿಲ್ಲ" ಎಂದಳು. ಮೇಡಂಗೆ ಅದೇ ಬೇಕಿದ್ದದ್ದು. ಆ ವರ್ಷ ನೀರಿನ ಪರೀಕ್ಷೆಯಲ್ಲಿ ಎಲೆ ಮೊಳೆ ಹೊಡೆದ ಹಾಗೆ ನಿಂತಿತಂತೆ. ಆಮೇಲೆ ರಕ್ತ. ಒಂದು ಸಂಜೆ ಮಾದೇವಿ ನರಸೀಪುರದ ಮಟನ್ ಅಂಗಡಿಯಿಂದ ಮೇಕೆಯ ಹೃದಯವನ್ನು ಮುತ್ತುಗದ ಎಲೆಯಲ್ಲಿ ಕಟ್ಟಿಸಿಕೊಂಡು ಬಂದಳು. ಮೊಟ್ಟೆ ಹಾಕಿದ ಬಿಸ್ಕತ್ತನ್ನೂ ತಿನ್ನದ ಮೇಡಂ ಸೆರಗು ಸಿಕ್ಕಿಸಿ, ಅದನ್ನು ಲ್ಯಾಬಿನ ಬ್ಲೇಡಿನಿಂದ ಸೀಳಿ, ನಾಲ್ಕು ಕೋಣೆಗೂ ಅವಳ ಬೆರಳು ತೂರಿಸಿ ತೋರಿಸಿದರು.

"ಇದು ಬಾಗಿಲು. ಮುಚ್ಚೋ ಬಾಗಿಲೋ, ತೆಗೆಯೋ ಬಾಗಿಲೋ?"

"ಎರ್ಡೂವೆ."

"ಹಾಂ. ಬರೀ ಮುಚ್ಚೋದಾದ್ರೆ ಅದಕ್ಕೆ ಗೋಡೆ ಅಂತಾರೆ. ನೆನಪಿಟ್ಕೋ."

ರಕ್ತದ ಪರೀಕ್ಷೆಯ ದಿನ ನನ್ನನ್ನೂ ಕರೆದಿದ್ದರು. ಬೆಳಗಿನ ಹೊತ್ತು, ನಂಜನಗೂಡಿನ ಹೊಳೆ ಮೆಟ್ಟಿಲು. ದೂರದಲ್ಲಿ ಯಾರೋ ಬಟ್ಟೆ ಸೆಣೆಯುತ್ತಿದ್ದರು. ಮಾದೇವಿ ನೀರಿಗಿಳಿದಳು. ಒಂದೊಂದು ಪ್ರಶ್ನೆಗೂ ಎಲೆ ನಿಂತಿತು. ಸುತ್ತ ಹೊಳೆ ಹರಿಯುತ್ತಲೇ ಇತ್ತು, ಅವಳ ಸೊಂಟದ ಸುತ್ತ ಮಾತ್ರ ನೀರು ಕಣ್ಣುಮುಚ್ಚಿ ಕೂತಿತ್ತು. ಅದನ್ನು ನೋಡಿದ ನನಗೆ ಸಂತೋಷವಾಗಲಿಲ್ಲ. ಯಾವುದೋ ದೊಡ್ಡ ಪ್ರಾಣಿ ಉಸಿರು ಬಿಗಿಹಿಡಿದು ನಮ್ಮನ್ನು ನೋಡುತ್ತಿದ್ದಂತೆ ಇತ್ತು.

ಕೊನೆಯ ಪ್ರಶ್ನೆ. "ಕಟ್ಟಿದ್ದನ್ನ ಯಾವಾಗ ಬಿಚ್ತೀಯ?"

"ರಕ್ತ ಯಾರದೋ ಅವರು ಬಿಡು ಅಂದಾಗ."

ಉತ್ತರ ಅದೇ. ಹೊಲಿಗೆ ರೂಮಿನಲ್ಲಿ ನಾನೇ ಎಷ್ಟೋ ಸಲ ಕೇಳಿದ್ದೆ. ಆದರೆ ಎಲೆ ಒಂದು ಸಲ ತಿರುಗಿತು. ಆಮೇಲೆ ಮೆಲ್ಲಗೆ, ಯಾರೂ ನೋಡದಿರಲಿ ಎಂಬಂತೆ, ಹೊರಟಿತು. ಮಾದೇವಿ ಕಣ್ಣು ಮುಚ್ಚಿ ಕೈಮುಗಿದು ನಿಂತಿದ್ದಳು, ಕಾಣಲಿಲ್ಲ. ಅವಳು ಬಿಡುವವಳಲ್ಲ ಎಂದು ನೀರಿಗೆ ಗೊತ್ತಾಗಿತ್ತು. ಎತ್ತಿ ಬೆಳೆಸಿದ ತಂಗಿಯ ವಿಷಯದಲ್ಲಿ, ಆ ತಂಗಿಯೇ ಬಿಡು ಎಂದರೂ ಅವಳು ಬಿಡುವವಳಲ್ಲ. ಬಾಯಿ ಒಂದು ಹೇಳಿತ್ತು.

ಗೌರಿಗೆ ಆಗಲೇ ಹನ್ನೆರಡು ತುಂಬಿತ್ತು. ಇನ್ನೊಂದು ಹೊಸ ನೀರಿನ ತನಕ ಕಾಯುವಂತಿರಲಿಲ್ಲ. ಮೇಡಂ ಎಲೆ ಹೋದ ಕಡೆಯನ್ನೇ ನೋಡುತ್ತಾ ತುಂಬ ಹೊತ್ತು ಕೂತಿದ್ದರು. ಆಮೇಲೆ, ನಾನು ಅವರ ಬಾಯಿಂದ ಕೇಳಿರದ ಮೆತ್ತನೆಯ ದನಿಯಲ್ಲಿ, "ಮೇಲೆ ಬಾ ಮಗಳೇ. ಪಾಸು" ಎಂದರು.

ಸೋಮವಾರ ಬಸ್ಸಿನಲ್ಲಿ ನಾನು, "ಎಲೆ ಹೋಯಿತಲ್ಲ ಮೇಡಂ" ಎಂದೆ.

"ಹೋಯ್ತು. ಮೂವತ್ತನಾಲ್ಕಕ್ಕೆ ಒಂದು ಸೇರಿಸ್ದೆ ಕಣ್ರೀ."

"ಎಲ್ಲಿಂದ?"

"ಕೊಟ್ಟೋರ ಕೈಯಿಂದ. ಇನ್ನೆಲ್ಲಿಂದ ಬರುತ್ತೆ" ಎಂದು ಕಿಟಕಿಯ ಕಡೆ ತಿರುಗಿದರು.

ಗೌರಿ ದೊಡ್ಡವಳಾದದ್ದು ಮುಂದಿನ ಬೇಸಿಗೆಯಲ್ಲಿ. ಮಾದೇವಿ ಅವಳ ಹೊಟ್ಟೆಯ ಮೇಲೆ ಕೈಯಿಟ್ಟು ಉತ್ತರ ಹೇಳಿದಳು, ರಕ್ತ ನಿಂತಿತು. ಊರಿನವರು ಆರತಿ ಎತ್ತಿದರು, ಎಳ್ಳಿನ ಚಿಗಣಿ ಹಂಚಿದರು. ನಮಗೂ ಒಂದು ಡಬ್ಬ ಬಂತು. ಆ ಡಬ್ಬ ಸ್ಟಾಫ್ ರೂಮಿನ ಮೇಜಿನ ಮೇಲಿದ್ದಾಗಲೇ ಮೇಡಂ ನನ್ನನ್ನು ಹೊಲಿಗೆ ರೂಮಿಗೆ ಕರೆದು ಬಾಗಿಲು ಮುಚ್ಚಿದರು.

"ರೀ, ಹಳೇ ಬಟ್ಟೆ ಇದ್ರೆ ಕೊಡಿ."

"ಯಾರಿಗೆ, ಯಾವ ಕ್ಲಾಸಿನವಳಿಗೆ?" ಎಂದೆ. ಹುಡುಗಿಯರಿಗೆ ಶಾಲೆಯಲ್ಲಿ ಹಾಗಾದರೆ ನನ್ನ ಹತ್ತಿರವೇ ಕಳಿಸುತ್ತಿದ್ದದ್ದು.

"ನನಗೆ."

ಅವರಿಗೆ ಐವತ್ತು ದಾಟಿತ್ತು. ಮುಟ್ಟು ನಿಂತು ವರ್ಷಗಳಾಗಿದ್ದವು. ನಾನು ಬಟ್ಟೆ ಕೊಟ್ಟೆ. ಅವರು ಮೆಷಿನ್ನಿನ ಸ್ಟೂಲಿನ ಮೇಲೆ ಕೂತು, ಪಾಠ ಮಾಡುವ ದನಿಯಲ್ಲೇ ಹೇಳಿದರು. "ಅಲ್ಲಿ ಕಟ್ಟಿದ್ದು ಎಲ್ಲಾದ್ರೂ ಬಿಚ್ಚಬೇಕಲ್ಲ. ಅವಳ ಕೈಲಿ ಬಿಚ್ಚೋಕಾಗಲ್ಲ, ಇಲ್ಲಿ ಬಿಚ್ಚುತ್ತೆ."

ಅಲ್ಲಿಂದ ಮುಂದೆ ಪ್ರತಿ ತಿಂಗಳೂ ಹಾಗೆ. ಹೆಮ್ಮಿಗೆಯಲ್ಲಿ ಗೌರಿ ಯಾವ ತೊಂದರೆಯೂ ಇಲ್ಲದೆ ಕುಂಟೆಬಿಲ್ಲೆ ಆಡುತ್ತಿದ್ದ ದಿನಗಳಲ್ಲಿ ನಂಜನಗೂಡಿನಲ್ಲಿ ಮೇಡಂ ಕಾಲು ಮಡಚಿ ಮಲಗಿರುತ್ತಿದ್ದರು. ನನ್ನ ಬಲವಂತಕ್ಕೆ ಮೈಸೂರಿನ ಡಾಕ್ಟರರ ಹತ್ತಿರ ಬಂದರು. ಗರ್ಭಕೋಶ ತೆಗೆಸಿಬಿಡಿ ಎಂದರು ಡಾಕ್ಟರು. "ತೆಗೆಸಿದ್ರೆ ಇದು ದಾರಿ ಬಿಡಲ್ಲ, ಬೇರೆ ದಾರಿ ಹುಡುಕುತ್ತೆ. ಇಲ್ಲ, ಆ ಮಗೂನೇ ಹುಡುಕ್ಕೊಂಡು ಹೋಗುತ್ತೆ" ಎಂದು ಹೊರಗೆ ಬಂದು ನನಗೆ ಹೇಳಿದರು. ಬೀಟ್‌ರೂಟು, ಖರ್ಜೂರ, ಕಬ್ಬಿಣದ ಮಾತ್ರೆ ತಿಂದರು. ಮಗ್ಗಿ ಒಪ್ಪಿಸಿದಷ್ಟು ಶಿಸ್ತಾಗಿ ತಿಂದರು. ಕೆಂಪು ಮಾತ್ರ ಇಳಿಯುತ್ತಲೇ ಹೋಯಿತು.

ಇದನ್ನು ನಿಲ್ಲಿಸುವ ದಾರಿ ಒಂದೇ ಇತ್ತು. ಮಾದೇವಿ ಆ ಕೊನೆಯ ಪ್ರಶ್ನೆಯಲ್ಲಿ ನಿಜವಾಗಿ ಪಾಸಾಗುವುದು. ಆದಷ್ಟೂ ಮೇಡಂ ಬದುಕಿರುವಷ್ಟರಲ್ಲಿ. "ಗ್ರೇಸು ಕೊಟ್ಟೋರು ಇರೋ ತನಕ ಮಾತ್ರ ನಡೆಯುತ್ತೆ. ಹೋದ ಮೇಲೆ ಕಟ್ಟಿದ್ದೆಲ್ಲ ಕಟ್ಟಿದೋರ ಮನೆಗೇ ವಾಪಸ್ಸು" ಎಂದಿದ್ದರು. ಆದ್ದರಿಂದ ಪ್ರತಿ ವರ್ಷ ಹೊಳೆ ತಿಳಿಯಾದ ಮೇಲೆ ಮಾದೇವಿಯನ್ನು ಕರೆಸಿ ಮತ್ತೆ ನಿಲ್ಲಿಸುತ್ತಿದ್ದರು. ಕಾರಣ ಹೇಳುತ್ತಿರಲಿಲ್ಲ. ಹೇಳಿದರೆ ಅವಳು ಭಯದಿಂದ ಉತ್ತರ ಹೇಳುತ್ತಾಳೆ, ಭಯದ ಉತ್ತರವೂ ಬಾಯಿಪಾಠವೇ ಎನ್ನುವುದು ಅವರ ತರ್ಕ. ಮಾದೇವಿ ಇದನ್ನು ಮೇಡಮ್ಮನ ಹಟ ಎಂದೇ ತಿಳಿದು, "ಒಂದ್ಕಿತ ಪಾಸು ಮಾಡಿ ಮತ್ತೆ ಮತ್ತೆ ಬರ್ಸೋರ್ನ ನಾ ಎಲ್ಲೂ ಕಾಣೆ" ಎಂದು ನನ್ನ ಹತ್ತಿರ ಗೊಣಗಿ, ನೀರಿಗಿಳಿಯುತ್ತಿದ್ದಳು. ಪ್ರತಿ ವರ್ಷ ಎಲೆ ಹೋಗುತ್ತಿತ್ತು. ಮೇಡಂ ನಿವೃತ್ತರಾದರು. ಗೌರಿಗೆ ಮದುವೆಯಾಯಿತು.

ಹೋದ ವರ್ಷ ಮೇಡಂ ಆಟೋದಲ್ಲಿ ಹೊಳೆಗೆ ಬಂದರು. ಮೆಟ್ಟಿಲಿಳಿಯಲು ನಾನು ಕೈ ಹಿಡಿದೆ, ಕೈ ಕಾಗದದಂತಿತ್ತು. ಕೂತಲ್ಲೇ ಅವರ ಸೀರೆ ರಕ್ತದಲ್ಲಿ ನೆನೆಯಿತು. ಮಾದೇವಿ ನೋಡಿದಳು. ನೀರಿನಲ್ಲಿ ನಿಂತವಳು ಹಾಗೆಯೇ ಮೇಲೆ ಬಂದು ಅವರ ಕಾಲ ಬುಡದಲ್ಲಿ ಕೂತಳು.

"ಇದು ನಮ್ ಗೌರೀದಾ?" ಎಂದಳು.

ಮೇಡಂ ಸೆರಗನ್ನು ಮಡಿಲಿಗೆ ಎಳೆದುಕೊಂಡರು.

"ಬಿಚ್ಬುಡಿ ಮೇಡಮ್ಮೋರೆ. ನಿಮ್ಗೆ ಕೈ ಮುಗೀತೀನಿ, ನೀವೇ ಬಿಚ್ಬುಡಿ."

"ನಾನು ಕಟ್ಟಿದ್ದಲ್ಲ ಕಣೇ. ಹೋಗು, ನಿಂತ್ಕೋ. ಪ್ರಶ್ನೆ ಇನ್ನೂ ಕೇಳಿಲ್ಲ."

ಅವಳು ಮತ್ತೆ ಇಳಿದಳು. ಅಳುತ್ತಲೇ ಉತ್ತರ ಹೇಳಿದಳು. ಎಲೆ ಹಿಂದೆಂದಿಗಿಂತ ಹೆಚ್ಚು ಹೊತ್ತು ತಡೆದು ನಿಂತಿತು. ಆಮೇಲೆ ಹೋಯಿತು. "ಮುಂದಿನ ವರ್ಷ" ಎಂದರು ಮೇಡಂ. ಇಷ್ಟ ಬಂದಂತೆ ಮಾರ್ಕು ಹಾಕಬಹುದಾಗಿದ್ದಾಗಲೂ ಅವರು ಎರಡನೇ ಸಲ ಕೈ ಸಡಿಲಿಸಲಿಲ್ಲ.

ಈ ಸಲ ಹೊಳೆ ಕೆಂಪಗೆ ತುಂಬಿ ಹರಿಯುತ್ತಿದ್ದಾಗ ಅವರು ಹೋದರು. ಬಾಳೆಹಣ್ಣಿನವಳು ಹೇಳಿದ ಆ ದಿನವೇ ನಾನು ಮಣ್ಣು ಮುಗಿಸಿಕೊಂಡು, ಮಾರನೆಯ ದಿನ ಹೆಮ್ಮಿಗೆಗೆ ಹೋದೆ. ಜಗಲಿಯಲ್ಲಿ ಗೌರಿ ಕೂತು ಅಲಸಂದೆಕಾಯಿ ಸುಲಿಯುತ್ತಿದ್ದಳು. ತುಂಬಿದ ಬಸುರಿ, ಹೆರಿಗೆಗೆ ಅಕ್ಕನ ಮನೆಗೆ ಬಂದಿದ್ದಾಳೆ.

"ಬನ್ನಿ ಟೀಚರ್. ನಮ್ಮಕ್ಕ ಬೆಳಿಗ್ಗಿಂದ ಒಂದ್ ಮಾತಾಡ್ನಿಲ್ಲ, ನೀವಾದ್ರೂ ಮಾತಾಡ್ಸಿ" ಎಂದು ನಕ್ಕಳು. "ನೆನ್ನೆ ಆ ಒಳೆ ಪರೀಕ್ಷೆ ಪಾಟ ಒಪ್ಪುಸ್ಕತಿದ್ಲು, ನಾ ತಮಾಸೆಗೆ ಕೇಳ್ದೆ, ನಾನು ಬುಡು ಅಂದ್ರೆ ಬುಡ್ತೀಯಾ ಅಂತ. ಮಕ ತಿರುಗಿಸ್ಕಂಡು ಒಳಿಕ್ಕೋದ್ಲು."

ಅವಳ ಕೈ ನೋಡಿದೆ. ಸುಲಿಯುವ ಬೆರಳ ತುದಿಗಳು ಆಗಲೇ ನೀಲಿಗೆ ತಿರುಗಿದ್ದವು. ಸಿಪ್ಪೆಯ ಕಲೆ ಎಂದುಕೊಂಡಿದ್ದಳು ಅವಳು.

ಮಾದೇವಿ ನನ್ನನ್ನು ಹಿತ್ತಿಲಿಗೆ ಕರೆದುಕೊಂಡು ಹೋದಳು. ಮೇಡಂ ಹೇಗೆ ಹೋದರೆಂದು ಕೇಳಲಿಲ್ಲ.

"ಡಾಕುಟ್ರು ರಕ್ತ ಮಡಗಿರ್ತೀವಿ, ಬನ್ನಿ ಅಂದವ್ರೆ. ಅದು ಆಕೋದಾಯ್ತು. ಇಲ್ಲಿ ಕಟ್ಟಿರೋದ್ನ ಬಿಚ್ಚೋರ್ಯಾರು? ಒಳೆ ತಿಳಿ ಆಯ್ತಾ ಅದೆ ಟೀಚರ್. ಇನ್ನೊಂದು ವಾರ. ನಂಗೆ ಪರೀಕ್ಷೆ ಮಾಡ್ಬೇಕು."

"ಯಾರು ಮಾಡ್ತಾರೆ ಮಾದೇವಿ?"

"ನೀವು. ಕೇಳೋರ್ಗೆ ವಿದ್ಯೆ ಬರ್ಬೇಕು ಅಂತಿಲ್ಲ, ಉತ್ತರ ಗೊತ್ತಿದ್ರೆ ಸಾಕು ಅಂತ ಮೇಡಮ್ಮೋರೇ ಏಳಿದ್ರು. ಅಷ್ಟು ವರ್ಸ ಮಿಸನ್ ತುಳೀತಾ ಕೇಳ್ಸ್ಕಂಡಿದ್ದೀರಲ್ಲ."

ಬರುತ್ತೇನೆ ಎಂದು ಹೇಳಿ ಬಂದೆ. ಬೇರೆ ಏನು ಹೇಳಲಿ? ಆ ವಾರ ಇಂದಿಗೆ ಮುಗಿಯಿತು. ನಾಳೆ ಬೆಳಿಗ್ಗೆ ಅವಳು ಹೆಮ್ಮಿಗೆಯ ಹೊಳೆಯಲ್ಲಿ ನಿಲ್ಲುತ್ತಾಳೆ, ನಾನು ಎಲೆ ಬಿಡಬೇಕು. ಪ್ರಶ್ನೆಗಳೆಲ್ಲ ಅನುಕ್ರಮವಾಗಿ ನೆನಪಿವೆ, ಉತ್ತರಗಳೂ. ಮನೆಯಲ್ಲಿ ಇವರಿಗೆ ಏನೂ ಹೇಳಿಲ್ಲ, ಬುತ್ತಿಗೆ ಚಿತ್ರಾನ್ನ ಕಲಸಿಟ್ಟಿದ್ದೇನೆ. ನಾನು ಅಂಜುತ್ತಿರುವುದು ನೀರಿಗಲ್ಲ, ಮಾದೇವಿಗೂ ಅಲ್ಲ. ನಮ್ಮ ಶಾಲೆಯಲ್ಲಿ ಹೊಲಿಗೆಗೂ ಪರೀಕ್ಷೆ ಇರುತ್ತದೆ. ಯಾವಳದಾದರೂ ಗುಂಡಿಯ ಕಾಜ ಸೊಟ್ಟಗಾಗಿದ್ದರೆ, ಅವಳ ಮುಖ ನೋಡಲಾರದೆ, ನಾನೇ ಬಿಚ್ಚಿ ಹೊಲಿದು ಮಾರ್ಕು ಹಾಕುತ್ತೇನೆ. ಇಷ್ಟು ವರ್ಷದ ಸರ್ವಿಸ್ಸಿನಲ್ಲಿ ಒಬ್ಬ ಹುಡುಗಿಯನ್ನೂ ನಾನು ಫೇಲು ಮಾಡಿದವಳಲ್ಲ.